ಹಾಡಿಲ್ಲದ ಪಿಚ್ಚರಿನ ಡೈರೆಕ್ಟರ್

ನಮ್ಮಿಬ್ಬರ ಪರಿಚಯ ಕಪಾಳದಿಂದ ಶುರುವಾಯಿತು. ಕಪಾಳ ನನ್ನದು, ಕೈ ಆತನದು.

ಮಾನ್ವಿಯಲ್ಲಿ ಅಕ್ಕಿ ಗಿರಣಿಯವರ ಮನೆಯ ಮದುವೆ. ಅಕ್ಷತೆ ಬಿದ್ದ ಮೇಲೆ ಊಟದ ಪಂಕ್ತಿ ತೆರವಾಗುವವರೆಗೆ ಜನರನ್ನು ಕುರ್ಚಿಗೆ ಅಂಟಿಸಿಡಲು ನನ್ನನ್ನು ಕರೆಸಿದ್ದರು. ಇನ್ನೊಬ್ಬರ ದನಿಯಲ್ಲಿ ಬೊಗಳುವುದು ನನ್ನ ಕಸುಬು. ದೇವದುರ್ಗದ ಬಸ್ಸಿನ ಕಂಡಕ್ಟರ್ ಸೀಟಿ ಊದುತ್ತಲೇ ಬೈಯುವುದನ್ನು ಮಾಡಿದೆ. ಬಾಯಲ್ಲಿ ಒಂದು ಹಿಡಿ ಅಕ್ಕಿ ಇಟ್ಟುಕೊಂಡವರಂತೆ ಮಾತಾಡುವ ಗಿರಣಿ ಸಾವಕಾರರನ್ನು ಅವರ ಎದುರಿಗೇ ಮಾಡಿದೆ. ಆಮೇಲೆ ನನ್ನನ್ನೇ ಮಾಡಿಕೊಂಡೆ. ನನ್ನ ದನಿ ಒಡೆದ ಪೀಪಿಯದು, ಕಿವಿಗಳು ಬಾಗಿಲು ತೆರೆದಿಟ್ಟ ಜೀಪಿನವು. ನಗಿಸಲು ಹೆಚ್ಚು ಕಷ್ಟಪಡಬೇಕಿಲ್ಲ.

ಹಿಂದಿನ ಸಾಲಿನಲ್ಲಿ ಆತ ಕಾಲ ಮೇಲೆ ಕಾಲು ಹಾಕಿ ಕೂತಿದ್ದ. ಜರ್ಮನಿಯಲ್ಲಿದ್ದು ಸಿನಿಮಾ ಮಾಡುವ ರಾಯಚೂರಿನವ ಎಂದು ಜಿಲ್ಲೆಗೆಲ್ಲ ಗೊತ್ತಿದ್ದವನು. ಆತನ ಸಿನಿಮಾ ಮಾತ್ರ ಯಾರೂ ನೋಡಿರಲಿಲ್ಲ. ರಾಯಚೂರಿನ ತೀನ್ ಕಂದಿಲ್ ವೃತ್ತದ ಹತ್ತಿರದ ಚಹಾದಂಗಡಿಯಲ್ಲಿ ಆತನ ಮಾತು ಕದ್ದು ಕೇಳಿದ್ದೆ. ಕನ್ನಡದಲ್ಲಿ ಶುರುವಾಗಿ, ದಖ್ಖನಿಯಲ್ಲಿ ಬೈದು, ಜರ್ಮನ್‌ನಲ್ಲಿ ಉಗಿಯುವ ಮಾತು. ನಡುವೆ ಒಂದು ಒಣ ಕೆಮ್ಮು. ಅದನ್ನೂ ಮಾಡಿಬಿಟ್ಟೆ.

ಮಂಟಪವೆಲ್ಲ ನಗುತ್ತಿರುವಾಗ ಆತ ಎದ್ದು, ಮೆಟ್ಟಿಲು ಹತ್ತಿ ಬಂದು, ನನ್ನ ಕೆನ್ನೆಗೆ ಬಾರಿಸಿದ. ಮೈಕು ಕೈಯಲ್ಲಿತ್ತು, ಆ ಸದ್ದು ಊಟದ ಮನೆಯ ಸ್ಪೀಕರಿನವರೆಗೂ ಹೋಯಿತು.

"ಲೇ, ನಾ ಕೆಮ್ಮಿ ಬೈತೀನಿ. ಬೈದು ಕೆಮ್ಮಂಗಿಲ್ಲ. ಇನ್ನೊಮ್ಮಿ ಮಾಡು."

ಕೆನ್ನೆ ಉರಿಯುತ್ತಿತ್ತು. ಕೆಮ್ಮಿದೆ, ಆಮೇಲೆ ಬೈದೆ.

"ಹ್ಞಾಂ. ಈಗ ನಾನಾದ್ಯಪ್ಪ. ನಾಳಿ ಗೋಡೌನಿಗೆ ಬಾ" ಎಂದು ಇಳಿದುಹೋದ.

ಆತನನ್ನು 'ಸರ್' ಎಂದರೆ ಸಿಟ್ಟು ಬರುತ್ತಿತ್ತು. "ನಾ ಏನ್ ನಿನಗ ಮಗ್ಗಿ ಕಲಿಸೀನೇನು?" ಎನ್ನುತ್ತಿದ್ದ. ಅದಕ್ಕೇ ಇಲ್ಲಿ ಏಕವಚನ. ಹೋದ ಚಳಿಗಾಲದಲ್ಲಿ, ಜರ್ಮನಿಯ ಹಿಮ ಬೀಳುವ ಊರಿನ ತನ್ನ ಬಾಡಿಗೆ ಕೋಣೆಯಲ್ಲಿ, ಎದೆ ಹಿಡಿದುಕೊಂಡು ತೀರಿಹೋದ. ಸತ್ತವರ ಬಗ್ಗೆ ಒಳ್ಳೆಯದನ್ನೇ ಬರೆಯಬೇಕಂತೆ. ನನಗೆ ಗೊತ್ತಿರುವ ಒಳ್ಳೆಯದೆಲ್ಲ ಏಟು, ರಕ್ತ, ಬೈಗುಳಗಳ ನಡುವೆಯೇ ಸಿಕ್ಕಿದ್ದು. ಬೇರೆ ಮಾಡಿ ಕೊಡಲು ನನಗೆ ಬರುವುದಿಲ್ಲ.

ಆತನ ಅಪ್ಪನದು ರಾಯಚೂರಿನಲ್ಲಿ ಗಾದಿ ಹೊಲಿಯುವ ಅಂಗಡಿ. ಅರಳೆಯ ದೂಳು ಕುಡಿದು ಬೆಳೆದ ಗಂಟಲು ಆತನದು, ಕೆಮ್ಮು ಅಲ್ಲಿಯದು. ಸಿಟ್ಟು ಎಲ್ಲಿಯದು ಎಂದು ಕೇಳಿದರೆ ಅಪ್ಪನ ಅರಳೆ ಬಡಿಯುವ ಕೋಲನ್ನು ತೋರಿಸುತ್ತಿದ್ದ. ಆ ಕೋಲು ಗಾದಿಗಿಂತ ಮಕ್ಕಳ ಮೇಲೆ ಹೆಚ್ಚು ಬಿದ್ದಿತ್ತಂತೆ. ಸಿನಿಮಾ ಕಲಿಯಲು ಜರ್ಮನಿಗೆ ಹೋದವನು ಅಲ್ಲೇ ಉಳಿದ. ಉಳಿದ ಎಂದರೂ ತಪ್ಪು. ಅಲ್ಲಿ ಒಂದು ಹೋಟೆಲಿನ ನೆಲಮಾಳಿಗೆಯಲ್ಲಿ ಪಾತ್ರೆ ತೊಳೆದು, ಉಗ್ರಾಣದಲ್ಲಿ ಪೆಟ್ಟಿಗೆ ಹೊತ್ತು, ಕೈಯಲ್ಲಿ ನಾಲ್ಕು ಕಾಸು ಕೂಡಿದೊಡನೆ ಕ್ಯಾಮೆರಾ ಹೊತ್ತು ಇಲ್ಲಿಗೆ ಬರುವುದು. ಇಲ್ಲಿ ಶೂಟಿಂಗ್ ಮಾಡಿ, ಮೂರು ಜನರ ಜೊತೆ ಜಗಳವಾಡಿ, ವಾಪಸು ಹೋಗಿ ಕತ್ತರಿಸಿ ಜೋಡಿಸುವುದು. ಅಲ್ಲಿನ ಸಣ್ಣ ಸಣ್ಣ ಥಿಯೇಟರುಗಳಲ್ಲಿ ತೋರಿಸಿ, ಮತ್ತೆ ಪಾತ್ರೆಗೆ ಕೈ ಹಾಕುವುದು. ಹೀಗೇ ತಲೆ ಅರ್ಧ ನೆರೆಯಿತು.

"ಅಲ್ಲಿಯವ್ರು ನಿಮ್ಮೂರಿನ ಬಣ್ಣ ಎಲ್ಲದ ಅಂತಾರ. ಇಲ್ಲಿಯವ್ರು ಫಾರಿನ್ ಎಲ್ಲದ ಅಂತಾರ. ನಾ ಎರಡೂ ಕಡೆ ಕಳುವು ಮಾಲು" ಎನ್ನುತ್ತಿದ್ದ.

ಆತನ ಎಡ ಹುಬ್ಬಿನ ನಡುವೆ ಕೂದಲಿಲ್ಲದ ಒಂದು ಗೆರೆ ಇತ್ತು. ಆ ಗೆರೆಯ ಕಥೆ ಹೇಳುವುದೆಂದರೆ ಆತನಿಗೆ ಹಬ್ಬ. ಅಲ್ಲಿನ ಒಂದು ಚಿತ್ರೋತ್ಸವದಲ್ಲಿ ಸಿನಿಮಾ ಮುಗಿದ ಮೇಲೆ ಒಬ್ಬ ಪ್ರೇಕ್ಷಕ ಎದ್ದು, ನಿಮ್ಮ ಜನ ನಿಜಕ್ಕೂ ಇಷ್ಟು ಹೊಡೆದಾಡುತ್ತಾರೆಯೇ ಎಂದು ಬಹಳ ಸಭ್ಯವಾಗಿ ಕೇಳಿದನಂತೆ. ಈತ ವೇದಿಕೆ ಇಳಿದು, ಅವನ ಕೊರಳಪಟ್ಟಿ ಹಿಡಿದು, "ಹೌದು" ಎಂದನಂತೆ. ಕಾವಲಿನವ ಬಂದು ಎತ್ತಿ ಹೊರಗೆ ಎಸೆದ. ಬಾಗಿಲ ಮೂಲೆ ಹುಬ್ಬಿಗೆ ಬಡಿಯಿತು. ಹಿಮದ ಮೇಲೆ ರಕ್ತ. "ಬಿಳಿ ಮ್ಯಾಲ ಕೆಂಪು ಏನ್ ಚಂದ ಕಾಣ್ತದಲೇ! ಕ್ಯಾಮೆರಾ ಒಳಗ ಉಳಿದಿತ್ತು, ಅದ ಒಂದು ದುಃಖ." ಪ್ರತಿ ಸಲ ಹೇಳುವಾಗಲೂ ಆ ಕಾವಲಿನವ ಎತ್ತರವಾಗುತ್ತಿದ್ದ. ಕೊನೆಕೊನೆಗೆ ಬಾಗಿಲಲ್ಲಿ ಹಿಡಿಸದಷ್ಟು ಬೆಳೆದಿದ್ದ.

ಮಾನ್ವಿಯಲ್ಲಿ ಆತ ತನ್ನ ಹಳೆಯ ಸಿನಿಮಾ ಒಂದನ್ನು ತೋರಿಸಿದಾಗ ನಾನೂ ಇದ್ದೆ. ಪೋಸ್ಟರಿನಲ್ಲಿ ಕೈಯೊಂದು ಕಬ್ಬಿಣದ ಸರಳು ಹಿಡಿದಿತ್ತು. ಅದನ್ನು ನೋಡಿ ಕಲ್ಲೂರಿನಿಂದೆಲ್ಲ ಹುಡುಗರು ಬೈಕಿನಲ್ಲಿ ಬಂದಿದ್ದರು. ಅರ್ಧ ಸಿನಿಮಾ ಕಳೆದರೂ ಹಾಡಿಲ್ಲ, ಫೈಟಿಲ್ಲ. ಒಬ್ಬ ಹೆಂಗಸು ಸುಮ್ಮನೆ ರೊಟ್ಟಿ ಬಡಿಯುತ್ತಿದ್ದಾಳೆ. ಮೊದಲ ಕುರ್ಚಿ ಪರದೆಯ ಕಡೆ ಹಾರಿತು. ಆಮೇಲೆ ಸಾಲುಸಾಲಾಗಿ ಮುರಿಯತೊಡಗಿದರು. ನಾನು ಆತನನ್ನು ಹುಡುಕಿದೆ. ಆತನೂ ಒಂದು ಕುರ್ಚಿಯನ್ನು ಕಂಬಕ್ಕೆ ಬಡಿದು ಕಾಲು ಕೀಳುತ್ತಿದ್ದ.

"ನೀ ಯಾಕ ಮುರೀತೀ?" ಎಂದು ಚೀರಿದೆ.

"ನಾನೂ ನೋಡಾಕ ಬಂದೀನಿ ಲೇ! ನನಗೂ ಬ್ಯಾಸರಾಗ್ಯದ!"

ಗೋಡೌನು ಎಂದರೆ ಮಾನ್ವಿಯ ಹೊರಗಿನ ಒಂದು ಮುಚ್ಚಿದ ಅಕ್ಕಿ ಗಿರಣಿ. ಅದರ ಮೂಲೆಯಲ್ಲಿ ಅಪ್ಪನ ಅಂಗಡಿಯ ಹಳೆಯ ಗಾದಿಗಳನ್ನು ನಾಲ್ಕೂ ಕಡೆ ಒಟ್ಟಿ, ನಡುವೆ ಒಬ್ಬರು ನಿಲ್ಲುವಷ್ಟು ಜಾಗ ಮಾಡಿ, ದನಿ ಹಿಡಿಯುವ ಕೋಣೆ ಕಟ್ಟಿದ್ದ. ಹೊರಗಿನಿಂದ ನೋಡಿದರೆ ಗಾದಿಗಳ ರಾಶಿ. ಎಲ್ಲಿಂದಲೋ ಕಿತ್ತು ತಂದ ಬಾಗಿಲನ್ನು ಹಿಂದುಮುಂದಾಗಿ ಕೂರಿಸಿದ್ದರಿಂದ ಚಿಲಕ ಹೊರಗಿತ್ತು. ಆತ ಶೂಟಿಂಗ್ ಮಾಡುವಾಗ ಸದ್ದು ಹಿಡಿಯುತ್ತಿರಲಿಲ್ಲ. ದನಿಯನ್ನೆಲ್ಲ ಆಮೇಲೆ ಇಲ್ಲಿ ಕೂತು ಹುಟ್ಟಿಸಬೇಕು. ನೆನೆಸಿದ ಗೋಣಿಚೀಲಕ್ಕೆ ದೊಣ್ಣೆಯಿಂದ ಬಡಿದರೆ ಬೆನ್ನಿಗೆ ಬಿದ್ದ ಏಟು. ಕಬ್ಬಿನ ಜಲ್ಲೆಯನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ ಮುರಿದರೆ ಮೂಳೆ. ಕಲ್ಲಂಗಡಿಯ ಮೇಲೆ ಕೊಡಲಿಯ ಹಿಂಬದಿ ಬಿದ್ದರೆ ತಲೆ. ಬಡಿದದ್ದು ಸಾಲಲಿಲ್ಲ ಎಂದು ನನಗೂ ಬಡಿಯುತ್ತಿದ್ದ.

"ಏಟು ಬಿದ್ದ ಮ್ಯಾಲ ನೋಡೋರು ಕಣ್ಣು ಮುಚ್ಚಬೇಕು. ಚಪ್ಪಾಳಿ ಹೊಡದ್ರು ಅಂದ್ರ ನಾವು ಸೋತಂಗ" ಎನ್ನುತ್ತಿದ್ದ.

ಹೊಡೆದ ದಿನ ತಿನ್ನಲು ಮಂಡಾಳ ಒಗ್ಗರಣೆ, ಮಿರ್ಚಿ ಭಜಿ ತರಿಸುತ್ತಿದ್ದ. ತಪ್ಪಾಯಿತು ಎಂದವನಲ್ಲ. ಅದನ್ನು ಪ್ರೀತಿ ಎಂದು ಬರೆಯುವುದು ಸುಲಭ. ಆದರೆ ಏಟು ಏಟೇ, ಮಿರ್ಚಿ ಮಿರ್ಚಿಯೇ. ಎರಡನ್ನೂ ತಿಂದವನು ನಾನು.

ಕೊನೆಯ ಸಿನಿಮಾ ಕೃಷ್ಣೆಯ ಉಸುಕಿನದು. ದೇವದುರ್ಗದ ಕಡೆ, ಮಸರಕಲ್ ದಾಟಿ ಹೋದರೆ ಬರುವ ಒಂದು ಹೊಳೆದಂಡೆಯ ಹಳ್ಳಿ. ಅಲ್ಲಿ ಉಸುಕು ಹೇರುವ ಟಿಪ್ಪರುಗಳು ಊರ ನಡುವೆಯೇ ಓಡುತ್ತಿದ್ದವು. ಅವನ್ನು ತಡೆದು ನಿಲ್ಲಿಸಿದ ಒಬ್ಬ ಹುಡುಗ ಟಿಪ್ಪರಿನ ಗಾಲಿಗೆ ಸಿಕ್ಕು ಸತ್ತ. ಅಪಘಾತ ಎಂದು ಎಲ್ಲರೂ ಹೇಳಿದರು. ಆತ ಆ ದಿನಗಳಲ್ಲಿ ಅದೇ ದಂಡೆಯಲ್ಲಿ ಕ್ಯಾಮೆರಾ ಹಿಡಿದು ತಿರುಗುತ್ತಿದ್ದ. ಸತ್ತ ಹುಡುಗನ ಅಪ್ಪ ಮಾತ್ರ ಇದು ಅಪಘಾತವಲ್ಲ ಎಂದು ಕಂಡಕಂಡವರ ಮುಂದೆ ಎದೆ ಬಡಿದುಕೊಳ್ಳುತ್ತಿದ್ದ. ನೋಡಿದವರು ಯಾರೂ ಇರಲಿಲ್ಲ.

ಒಬ್ಬಳು ಇದ್ದಳು. ನಸುಕಿನಲ್ಲಿ ಮೇವು ಕೊಯ್ಯಲು ದಂಡೆಗೆ ಹೋಗಿದ್ದ ಹೆಂಗಸು. ನನ್ನ ಅವ್ವನ ವಯಸ್ಸಿನವಳು. ಆಕೆಯ ಮನೆಯ ಬಾಗಿಲು ಹಾಕಿಕೊಂಡು, ಕ್ಯಾಮೆರಾ ಹೊರಗೆ ಬಿಟ್ಟು, ಬರೀ ಮೈಕಿನ ಮುಂದೆ ಆಕೆ ಹೇಳಿದಳು. ನಾನು ಮೈಕು ಹಿಡಿದು ಕೂತಿದ್ದೆ.

"ಹುಡುಗ ಗಾಡಿ ಮುಂದ ನಿಂತಿದ್ದ. ಸಲಿಕಿಲೆ ತಲಿಗೆ ಹೊಡದ್ರು. ಬಿದ್ದ. ಜೀವ ಇತ್ತು, ಕಾಲು ಬಡೀತಿದ್ದ. ಆಮ್ಯಾಲ ಮ್ಯಾಲ ಗಾಲಿ ಹಾಯಿಸಿದ್ರು. ಹಿಂದಕ ತಗೊಂಡು ಇನ್ನೊಮ್ಮಿ ಹಾಯಿಸಿದ್ರು. ನಾ ನೋಡೀನಿ."

ಹೇಳಿ ಮುಗಿಸಿ ಆತನ ಕೈ ಹಿಡಿದುಕೊಂಡಳು. "ಸಾಬ್ರ, ನನ್ನ ದನಿ ಊರಾಗ ಕುರಿಗಳಿಗೂ ಗೊತ್ತದ. ನನ್ನ ಮಗ ಅವ್ರದ ಟಿಪ್ಪರ್ ಹೊಡಿತಾನ. ಇದು ನನ್ನ ಮಾತಂತ ಗೊತ್ತಾದ್ರ, ಅವ್ನ ಕೈಲೇ ನನ್ನ ಮ್ಯಾಲ ಗಾಲಿ ಹಾಯಿಸ್ತಾರ."

"ನಿನ್ನ ದನಿ ಯಾರಿಗೂ ಕೇಳಂಗಿಲ್ಲವ್ವ. ಇವತ್ತಿಂದ ಈ ಮಾತು ನಂದು" ಎಂದ.

ಪರದೆಯ ಮೇಲೆ ಅಕ್ಕಿಯಲ್ಲಿ ಕಲ್ಲು ಆರಿಸುವ ಎರಡು ಕೈ ಮಾತ್ರ. ಅವು ರಾಯಚೂರಿನಲ್ಲಿದ್ದ ಆತನ ಅಕ್ಕನ ಕೈಗಳು. ಆ ಕೈಗಳಿಗೆ ದನಿ ನಾನು ಕೊಡಬೇಕು. ಗಾದಿಯ ಕೋಣೆಗೆ ಹೊಕ್ಕು, ಕಣ್ಣು ಮುಚ್ಚಿ, ಶುರು ಮಾಡಿದೆ. ಮುದುಕಿಯರ ದನಿ ನನಗೆ ನೀರು ಕುಡಿದಷ್ಟು ಸಲೀಸು. 'ಜೀವ ಇತ್ತು' ಎನ್ನುವಲ್ಲಿ ಆಕೆ ಉಸಿರು ನುಂಗುವುದನ್ನೂ ಬಿಡಲಿಲ್ಲ. ಮುಗಿಸಿ ಕಣ್ಣು ತೆರೆದರೆ ಬಾಗಿಲು ಕಿತ್ತುಹೋಗುವಂತೆ ತೆರೆಯಿತು. ಆತ ನನ್ನ ಕೂದಲು ಹಿಡಿದು ಹೊರಗೆಳೆದು ನೆಲಕ್ಕೆ ಕೆಡವಿದ.

"ಏ ಬದ್ಮಾಶ್! ಬಾಯಿಲೇ ಆಕಿನ್ನ ಹಿಡಕೊಟ್ಟೆಲ್ಲೋ! ಕುರಿ ಸೈತ ಗುರುತು ಹಿಡಿತಾವು ಇದನ!"

ಸರಿಯಾಗಿತ್ತು ಆತನ ಸಿಟ್ಟು. ಬೇರೆ ದನಿ ಹುಡುಕಿದೆವು. ಕಂಡಕ್ಟರನ ದನಿ ಹಾಕಿದರೆ ಕಂಡಕ್ಟರನ ಮನೆಗೆ ಹೋಗುತ್ತಾರೆ. ಸಾವಕಾರರ ದನಿ ಹಾಕಿದರೆ ಸಾವಕಾರರ ಗಿರಣಿ ಸುಡುತ್ತಾರೆ. ನನ್ನ ಗಂಟಲಿನಲ್ಲಿರುವ ದನಿಯೆಲ್ಲ ಬದುಕಿರುವ ಯಾರೋ ಒಬ್ಬರದು. ಹೊಸದನ್ನು ಹುಟ್ಟಿಸಲು ಹೋದರೆ ನಾಟಕ ಕಂಪನಿಯ ರಾಕ್ಷಸ ಬರುತ್ತಿದ್ದ.

"ನಂದ ದನಿಯಾಗ ಮಾಡ್ಲೇನು?" ಎಂದೆ. ಅಂದಮೇಲೆ ಬಾಗಿಲ ಕಡೆ ನೋಡಿದೆ.

"ನಿನಗ ನಿಂದು ಅಂತ ದನಿ ಎಲ್ಲದ ಲೇ?" ಎಂದು ನಕ್ಕ. ನಗು ಮುಗಿಸಿ ಬೀಡಿ ಹಚ್ಚಿದ. "ನಿನಗ ಮನಿಯಾಗ ಅವ್ವ ಅದಾಳ. ನನ್ನ ನಂಬಿ ಕುಂತವ್ರು ಯಾರದಾರ? ನನ್ನ ದನಿಯಾಗ ಮಾಡು."

ಆತನೇ ಹೇಳಬಹುದಿತ್ತಲ್ಲ ಎಂದು ನಿಮಗೆ ಅನ್ನಿಸಬಹುದು. ಹೇಳಿ ನೋಡಿದ. ಮೈಕಿನ ಮುಂದೆ ನಿಂತರೆ ಆ ಹುಲಿ, ಶಾಲೆಯ ಪ್ರಾರ್ಥನೆ ಒಪ್ಪಿಸುವ ಹುಡುಗನಾಗುತ್ತಿತ್ತು. ಕೆಮ್ಮೂ ಬರಲಿಲ್ಲ, ಸಿಟ್ಟೂ ಬರಲಿಲ್ಲ. ಎರಡು ಸಲ ಮೈಕನ್ನು ಗೋಡೆಗೆಸೆದ. ಕೊನೆಗೆ ನಾನೇ ಆತನಾದೆ. ಮೊದಲು ಕೆಮ್ಮಿದೆ, ಆಮೇಲೆ ಹೇಳಿದೆ. "ಹೊಳಿ ದಂಡಿಗೆ ಹೋಗಿದ್ದೆ" ಎಂದು ಶುರುವಾಗಿ "ನಾ ನೋಡೀನಿ" ಎಂದು ಮುಗಿಯುವ ಆ ಮಾತು ಆತನ ಗೊಗ್ಗರು ದನಿಯಲ್ಲಿ ಗೋಡೌನು ತುಂಬಿತು. ಆತ ಗೋಡೆಗೆ ಒರಗಿ ಕೇಳಿದ. "ನನ್ನಕಿಂತ ನೀ ಚಲೋ ಅದೀ" ಎಂದ. ಅದೊಂದೇ ಸಲ ಹೊಗಳಿದ್ದು.

ಸಿನಿಮಾ ಹೊರದೇಶಕ್ಕೆ ಹೋಯಿತು. ಎಲ್ಲಿಯೋ ಒಂದು ಬಹುಮಾನ ಬಂತು. ಹೆಣ್ಣಿನ ಕೈಗೆ ಗಂಡಿನ ದನಿ ಹಚ್ಚಿದ್ದು ಎಂಥ ಕಲೆಗಾರಿಕೆ ಎಂದು ಅಲ್ಲಿನ ಪತ್ರಿಕೆಗಳು ಬರೆದವಂತೆ. ಅದನ್ನು ಫೋನಿನಲ್ಲಿ ಓದಿ ಹೇಳುತ್ತ ಆತ ಬಿದ್ದುಬಿದ್ದು ನಕ್ಕ. "ಅಂಜಿಕಿಗೆ ಅಲ್ಲಿ ಕಲಾ ಅಂತಾರಪ್ಪ!"

ಆಮೇಲೆ ಬಂದು ರಾಯಚೂರಿನಲ್ಲಿಯೂ ತೋರಿಸಿದ. ಈ ಸಲ ಕುರ್ಚಿ ಮುರಿಯಲಿಲ್ಲ. ಕೈಗಳು ಕಲ್ಲು ಆರಿಸುವ ಆ ತುಣುಕು ಮಾತ್ರ ಯಾರದೋ ಮೊಬೈಲಿನಿಂದ ಹಬ್ಬಿ, ದೇವದುರ್ಗದ ಚಹಾದಂಗಡಿಗಳಲ್ಲೆಲ್ಲ ಕೇಳತೊಡಗಿತು. ಸತ್ತ ಹುಡುಗನ ಅಪ್ಪನಿಗೆ ವಕೀಲರೊಬ್ಬರು ಸಿಕ್ಕರು. ಮುಚ್ಚಿದ ಕೇಸು ಬಾಯಿ ತೆರೆಯಿತು. ನೋಡಿದವರು ಯಾರು ಎಂದು ಕೇಳುವವರು ಹುಟ್ಟಿದರು.

ಟಿಪ್ಪರಿನವರು ಬಂದದ್ದು ನಡುಮಧ್ಯಾಹ್ನ. ಆತ ಗೋಡೌನಿನ ಬಾಗಿಲಲ್ಲಿ ಬೀಡಿ ಸೇದುತ್ತಿದ್ದ. ನಾನು ಗಾದಿಯ ಕೋಣೆಯೊಳಗೆ ಹೆಡ್‌ಫೋನ್ ಹಾಕಿಕೊಂಡು, ಹೊರಗೆ ಕಂಬಕ್ಕೆ ಕಟ್ಟಿದ್ದ ಮೈಕಿನಲ್ಲಿ ಗುಬ್ಬಿಗಳ ಸದ್ದು ಎಷ್ಟು ಬರುತ್ತದೆ ಎಂದು ಕೇಳುತ್ತಿದ್ದೆ. ಜೀಪು ನಿಂತದ್ದು ಕೇಳಿತು. ಆತ ದಡದಡ ಬಂದು ನನ್ನ ಬಾಗಿಲಿನ ಚಿಲಕ ಹಾಕಿದ.

"ಉಸಿರು ಬಿಟ್ರ ಕೊಲ್ತೀನಿ" ಎಂದ. ನನಗೆ ಹೇಳಿದ ಕೊನೆಯ ಸ್ಪಷ್ಟ ಮಾತು ಅದು.

ಅವರು ಮೂವರಿದ್ದರು ಎಂದು ದನಿಗಳಿಂದ ತಿಳಿಯಿತು. ಮಾತಾಡಿದವನು ಒಬ್ಬನೇ. ಬಹಳ ನಯವಾದ ದನಿ.

"ಡೈರೆಕ್ಟರ್ ಸಾಹೇಬ್ರ, ನಿಮ್ಮ ಪಿಚ್ಚರ್ ನೋಡಿದ್ವಿರೀ."

"ಹೆಂಗದ?"

"ಹಾಡಿಲ್ಲ."

ಯಾರೋ ನಕ್ಕರು. ಆತನೂ ನಕ್ಕ.

"ಆ ಕೈ ಯಾರ್ವು?"

"ಬಾಡಿಗಿ ಕೈ. ಮಾತು ನಂದು. ನೋಡಿದಾಂವ ನಾನು. ಆ ದಂಡಿಮ್ಯಾಗ ನಾ ತಿರುಗ್ತಿದ್ದೆ, ನೀವೂ ನೋಡೀರಿ."

"ಸುಳ್ಳು ಹೇಳಬ್ಯಾಡ್ರಿ. ಅದು ಆ ಕಿವಿ ಹುಡುಗನ ದನಿ. ಮಂದಿ ದನಿ ಮಾಡ್ಕೋತ ಮದುವಿ ಮದುವಿ ತಿರಗ್ತಾನಲ್ಲ, ಅಂವಂದು. ಊರಾಗಿನ ಹೆಣಮಕ್ಕಳ ಪೈಕಿ ಯಾರೋ ನೋಡ್ಯಾರ. ನೀವು ಮುಚ್ಚಿಡಾಕತ್ತೀರಿ. ಎಲ್ಲದಾನ ಅಂವ?"

"ಮಲ್ಲಟ ಊರಿಗೆ ಹೋಗ್ಯಾನ. ಮದುವಿಗೆ."

ಮೊಬೈಲಿನಲ್ಲಿ ಆ ತುಣುಕು ಹಚ್ಚಿದರು. ನನ್ನ ಗಂಟಲಿನಿಂದ ಹೊರಟ ಆತನ ದನಿ ನನ್ನ ಕಿವಿಗೇ ಬಂತು. ಮುಗಿದ ಮೇಲೆ ನಯವಾದ ದನಿ ಹೇಳಿತು: "ಇದನ ಅಂದು ತೋರಸ್ರಿ. ಹಿಂಗ ಬಂದ್ರ ನೀವಾ ಅಂತ ನಂಬ್ತೀವಿ. ಬರಲಿಲ್ಲಂದ್ರ ಆ ಊರಿನ ಮನಿ ಮನಿ ಹೊಕ್ಕು ಹುಡುಕ್ತೀವಿ."

ತನ್ನ ದನಿಯಲ್ಲಿ ಒಂದು ವಾಕ್ಯ ಆಡಲಾರದೆ ಮೈಕು ಒಡೆದವನು ಆತ. ಪ್ರಾರ್ಥನೆ ಒಪ್ಪಿಸುವ ಆ ಹುಡುಗನ ದನಿ ಬಂದರೆ ಹೊಳೆದಂಡೆಯ ಆ ಮನೆಗೆ ಸಂಜೆಯೊಳಗೆ ಬೆಂಕಿ. ಗಾದಿಗೆ ಮುಖ ಒತ್ತಿಕೊಂಡು ನಿಂತೆ.

ಆತ ಕೆಮ್ಮಿದ. ಆಮೇಲೆ ಹೇಳಿದ. ಕೆಮ್ಮಿಗೂ ಮಾತಿಗೂ ನಡುವೆ ನಾನು ಬಿಟ್ಟಿದ್ದಷ್ಟೇ ಜಾಗ ಬಿಟ್ಟ. 'ಜೀವ ಇತ್ತು' ಎನ್ನುವಲ್ಲಿ ನಾನು ಆಕೆಯಿಂದ ಕದ್ದು, ಬಿಡಲಾರದೆ ಉಳಿಸಿಕೊಂಡಿದ್ದ ಉಸಿರನ್ನೂ ನುಂಗಿದ. ಆತ ಆತನಾಗಿರಲಿಲ್ಲ, ನಾನು ಮಾಡಿದ ಆತನನ್ನು ಮಾಡುತ್ತಿದ್ದ. "ಹಿಂದಕ ತಗೊಂಡು ಇನ್ನೊಮ್ಮಿ ಹಾಯಿಸಿದ್ರು. ನಾ ನೋಡೀನಿ" ಎಂದ.

"ಇಂವನಾ ಹೌದು" ಎಂದಿತು ನಯವಾದ ದನಿ.

ಆಮೇಲೆ ಕಬ್ಬಿಣದ ಸರಳಿನಿಂದ ಹೊಡೆದರು. ಹೆಡ್‌ಫೋನಿನಲ್ಲಿ ಪ್ರತಿಯೊಂದೂ ನನ್ನ ಕಿವಿಯೊಳಗೇ ಬಿತ್ತು. ನಾವು ಗೋಣಿಚೀಲ ಬಡಿದು ಹುಟ್ಟಿಸುತ್ತಿದ್ದ ಸದ್ದು ದೊಡ್ಡದು, ದುಂಡನೆಯದು. ನಿಜವಾದ ಸರಳಿಗೆ ಅಷ್ಟು ಸದ್ದೇ ಇಲ್ಲ. ಒದ್ದೆ ನೆಲದ ಮೇಲೆ ಚಪ್ಪಲಿ ಬಿದ್ದ ಹಾಗೆ, ಅಷ್ಟೇ. ಮೂಳೆ ಮುರಿದದ್ದಂತೂ ಕಡಲೆ ಸಿಪ್ಪೆ ಒಡೆದಷ್ಟು ಸಣ್ಣಗೆ. ದವಡೆಗೆ ಬಿದ್ದಾಗ ಆತ ಕೂಗಲು ಹೋದ, ಕೂಗು ಆಕಾರ ಕಳೆದುಕೊಂಡು ಬರೀ ನೀರಿನ ಸದ್ದಾಯಿತು. ಬಾಗಿಲಿಗೆ ಭುಜ ಹಚ್ಚಿ ನೂಕಿದೆ. ಗಾದಿಗಳು ನನ್ನ ಏಟನ್ನೆಲ್ಲ ನುಂಗಿದವು. ಆ ಕೋಣೆಯನ್ನು ಅಷ್ಟು ಚೆನ್ನಾಗಿ ಕಟ್ಟಿದ್ದ.

ಕತ್ತಲಾಗುವ ಮೊದಲು ಗಿರಣಿಯ ಕಾವಲುಗಾರ ಬಂದು ಚಿಲಕ ತೆಗೆದ. ಇಬ್ಬರೂ ಸೇರಿ ಆತನನ್ನು ಭತ್ತದ ತಾಡಪಾಲಿನ ಮೇಲೆ ಮಲಗಿಸಿ ರಾಯಚೂರಿಗೆ ಸಾಗಿಸಿದೆವು. ಮುಖದ ಕೆಳಗಿನ ಅರ್ಧ ಯಾರದ್ದೋ ಆಗಿತ್ತು. ಹಲ್ಲುಗಳನ್ನು ನನ್ನ ಕರವಸ್ತ್ರದಲ್ಲಿ ಕಟ್ಟಿಕೊಂಡಿದ್ದೆ. ಎಲ್ಲಿ ಕೊಡಬೇಕು ಎಂದು ಗೊತ್ತಾಗದೆ ಬಹಳ ದಿನ ನನ್ನ ಜೇಬಿನಲ್ಲೇ ಉಳಿದವು.

ಆಸ್ಪತ್ರೆಯಲ್ಲಿ ದವಡೆಗೆ ತಂತಿ ಬಿಗಿದು ಮಲಗಿಸಿದ್ದರು. ನಾನು ಹೋಗಿ ಕೂತೆ. ಆತ ಕಣ್ಣು ತೆರೆದು, ತನ್ನ ಗಂಟಲು ಮುಟ್ಟಿಕೊಂಡು, ಆಮೇಲೆ ನನ್ನ ಕಡೆ ಕೈ ತಿರುಗಿಸಿ ಹುಬ್ಬೇರಿಸಿದ. ಹೆಂಗಿತ್ತು ಎಂದು ಕೇಳುತ್ತಿದ್ದ.

"ಕೆಮ್ಮು ಜರ ಜಾಸ್ತಿ ಆತು" ಎಂದೆ.

ತಂತಿಯೊಳಗಿಂದಲೇ ನಗು ಬಂತು. ನೋವಿಗೆ ಕಣ್ಣಲ್ಲಿ ನೀರು ಸುರಿಯಿತು. ನನ್ನ ಕೆನ್ನೆಗೆ ಬಾರಿಸಲು ಕೈ ಎತ್ತಿದ. ಅದು ಹಾಸಿಗೆಯ ಅಂಚಿನವರೆಗೆ ಬಂದು ಅಲ್ಲಿಯೇ ಬಿತ್ತು.

ಚಿಕಿತ್ಸೆಗೆಂದು ವಾಪಸು ಹೋದವನು ಮತ್ತೆ ಬರಲಿಲ್ಲ. ಇನ್ನೊಂದು ಸಿನಿಮಾ ಮಾಡಲಿಲ್ಲ. ಆಗಾಗ ಫೋನು ಮಾಡುತ್ತಿದ್ದ. ಹೊಲಿದ ದವಡೆಯ ಆ ಮಾತು ಅರ್ಧ ನನಗೆ ತಿಳಿಯುತ್ತಿರಲಿಲ್ಲ. ಮದುವೆಗಳಲ್ಲಿ ಜನ ಈಗಲೂ ಆತನ ದನಿ ಕೇಳುತ್ತಾರೆ. ಹಳೆಯದನ್ನು ಮಾಡುತ್ತೇನೆ, ಈ ಮುರಿದ ದವಡೆಯ ದನಿಯನ್ನು ಮಾಡುವುದಿಲ್ಲ. ಪ್ರತಿ ಫೋನಿನಲ್ಲೂ ಒಂದೇ ಪ್ರಶ್ನೆ ಕೇಳುತ್ತಿದ್ದ: ಆ ಹೆಣಮಗಳು ಹೆಂಗದಾಳ? ಚಲೋ ಅದಾಳ ಎನ್ನುತ್ತಿದ್ದೆ. ನಿಜವೇ. ಯಾರೂ ಆಕೆಯ ಕಡೆ ತಿರುಗಿ ನೋಡಿರಲಿಲ್ಲ. ಕೋರ್ಟಿನವರು ಕೇಳುತ್ತಿದ್ದದ್ದು ಆತನನ್ನು, ಟಿಪ್ಪರಿನವರು ಕಾಯುತ್ತಿದ್ದದ್ದೂ ಆತನನ್ನು.

ಆತ ಸತ್ತ ಸುದ್ದಿ ದೇವದುರ್ಗ ಮುಟ್ಟಿದ ದಿನ ಟಿಪ್ಪರಿನವರು ಬಸ್ ಸ್ಟ್ಯಾಂಡಿನಲ್ಲಿ ಕಂಡಕಂಡವರಿಗೆಲ್ಲ ಚಹಾ ಮಿರ್ಚಿ ಕೊಡಿಸಿದರು. "ಸಾಕ್ಷಿ ಮಣ್ಣಾತು" ಎಂದು ಗಟ್ಟಿಯಾಗಿಯೇ ಅಂದರು. ಮುಂದಿನ ತಾರೀಖಿಗೆ ಕೇಸು ಬಿದ್ದುಹೋಗುತ್ತದೆ ಎಂದು ಹುಡುಗನ ಅಪ್ಪನ ವಕೀಲರೂ ಹೇಳಿದರು.

ತಾರೀಖಿನ ದಿನ ಬೆಳಿಗ್ಗೆ, ಕೋರ್ಟಿಗೆ ಹೋಗುವ ಮೊದಲು, ನಾನು ಹೊಳೆದಂಡೆಯ ಆ ಮನೆಗೆ ಹೋದೆ. ಮನೆಯ ಮುಂದೆ ಟಿಪ್ಪರು ನಿಂತಿತ್ತು. ಮಗ ಕಟ್ಟೆಯ ಮೇಲೆ ಕೂತು ಹಲ್ಲುಜ್ಜುತ್ತಿದ್ದ. ಅದಕ್ಕೇ ಸನ್ನೆ ಮಾಡಿ ಆಕೆಯನ್ನು ಹಿತ್ತಲಿಗೆ ಕರೆದು, ಸಾಬರು ಹೋದರು ಎಂದೆ.

ಆಕೆ ಸೆರಗು ಬಾಯಿಗೆ ಒತ್ತಿಕೊಂಡಳು. "ಆ ಪಿಚ್ಚರ್ ನಾ ನೋಡಿಲ್ಲಪ್ಪ. ನನ್ನ ಮಾತು ಸಾಬ್ರು ಹೆಂಗ ಅಂದಾರ? ಹಚ್ಚು, ಕೇಳ್ತೀನಿ."

ಮೊಬೈಲಿನ ದನಿ ಸಣ್ಣದು ಮಾಡಿ ಹಚ್ಚಿದೆ. ಕಿವಿ ಹಚ್ಚಿ ಪೂರ್ತಿ ಕೇಳಿದಳು. ಎರಡನೆಯ ಸಲ ಹಚ್ಚಿಸಿದಳು.

"ಈ ದನಿ ಸಾಬ್ರದಾ?"

"ನಂದು ಯವ್ವ. ಸಾಬ್ರ ಹಂಗ ಮಾಡೀನಿ."

"ಅದಕ ಸಾಬ್ರು ಬಡಿಸ್ಕೊಂಡ್ರು."

"ಹೌದು."

"ಇನ್ನ ಆ ಹುಡುಗನ ಕೇಸು?"

"ಇವತ್ತ ಮುಚ್ಚತಾರ. ನೋಡಿದಾಂವ ಸತ್ನಲ್ಲ."

ಆಕೆ ನನ್ನನ್ನು ಒಮ್ಮೆ ನೋಡಿದಳು. "ನೋಡಿದಾಂವ ಎಲ್ಲಿ ಸತ್ತಾನ? ನಾ ಸತ್ತೀನೇನು?" ಎಂದಳು. ಸಣ್ಣ ದನಿಯಲ್ಲಲ್ಲ. ಮಗ ಹಲ್ಲುಜ್ಜುವುದು ನಿಲ್ಲಿಸಿ ಹಿತ್ತಲ ಬಾಗಿಲಿಗೆ ಬಂದ.

"ಏನದು ಬೇ?"

"ಆ ಮಾತು ಇಷ್ಟು ದಿನ ಸಾಬ್ರ ಕಡೆ ಇಟ್ಟಿದ್ದೆ. ಆತ ಹೋದ. ಈಗ ವ್ಯಾಪಸ್ ತಗೊಂಡೆ." ಆಕೆ ಕಾಲಿಗೆ ಚಪ್ಪಲಿ ಮೆಟ್ಟಿದಳು. "ಕೀಲಿ ತಗೊಂಬಾ. ದೇವದುರ್ಗಕ್ಕ ನಡಿ."

"ಎದಕ?"

"ಕೋರ್ಟಿಗೆ. ಆ ಹುಡುಗನ್ನ ಹೆಂಗ ಕೊಂದ್ರಂತ ಹೇಳಾಕ. ನಾ ನೋಡೀನಿ."

ಮಗನ ಬಾಯಿಂದ ನೊರೆ ಅಂಗಿಯ ಮೇಲೆ ಇಳಿಯಿತು. ಅವನ ಮುಖದಲ್ಲಿ ಮೊದಲು ಸಿಟ್ಟು ಬಂತು. ಕೈ ಎತ್ತಿಯೇಬಿಟ್ಟ. ಆಕೆ ಕದಲಲಿಲ್ಲ. ಎತ್ತಿದ ಕೈಯನ್ನು ಅವನು ಬಾಗಿಲ ಚೌಕಟ್ಟಿಗೆ ಬಡಿದುಕೊಂಡ. ಗೆಣ್ಣುಗಳಿಂದ ರಕ್ತ ಬಂತು. "ನನಗ ಹೇಳಬೇಕಿಲ್ಲೇನು ಬೇ?" ಎಂದ. ಬಾಯಿ ಮುಕ್ಕಳಿಸಿ ಕೀಲಿ ತಂದ.

ಟಿಪ್ಪರಿನ ಮುಂದೆ ಅವರಿಬ್ಬರು, ಹಿಂದೆ ಖಾಲಿ ತೊಟ್ಟಿಯಲ್ಲಿ ನಾನು, ಹೀಗೆ ಹೋದೆವು. ಕೋರ್ಟಿನಲ್ಲಿ ಹುಡುಗನ ಅಪ್ಪನ ವಕೀಲರಿಗೆ ಈಕೆ ಯಾರೆಂದು ಹೇಳಲು ನಾನು ಬಾಯಿ ತೆರೆದೆ. ಆಕೆ ಅಂಗೈಯಿಂದ ನನ್ನ ಬಾಯಿ ಮುಚ್ಚಿದಳು. ಒಳಗೆ ತನ್ನ ಹೆಸರು ಹೇಳಿದಳು, ಊರು ಹೇಳಿದಳು, ನೋಡಿದ್ದನ್ನು ಹೇಳಿದಳು. ಹೇಳುವಾಗ ಎಲ್ಲಿಯೂ ಉಸಿರು ನುಂಗಲಿಲ್ಲ. ಅಲ್ಲೇ ಬೆಂಚಿನ ಮೇಲೆ ಟಿಪ್ಪರಿನವರ ಜೊತೆ ಕೂತಿದ್ದ ಬಿಳಿ ಅಂಗಿಯವನೊಬ್ಬ ಎದ್ದು ಹೊರಗೆ ಹೋದದ್ದನ್ನು ನಾನು ನೋಡಿದೆ.

ನಾವು ಹೊರಗೆ ಬರುವಷ್ಟರಲ್ಲಿ ಟಿಪ್ಪರಿನ ಮುಂದಿನ ಗಾಜು ಪುಡಿಯಾಗಿತ್ತು, ತಮ್ಮದೇ ಗಾಡಿ ಎಂದೂ ಅವರು ನೋಡಿರಲಿಲ್ಲ. ಸೀಟಿನ ತುಂಬ ಚೂರು. ಗಾಡಿಯ ಹತ್ತಿರವೇ ಉಳಿದಿದ್ದ ಮಗ ಗಾಲಿಯ ಪಕ್ಕದಲ್ಲಿ ಜಾಕಿನ ಸರಳು ಹಿಡಿದು ನಿಂತಿದ್ದ. ಹಣೆ ಒಡೆದು ಕಣ್ಣಿನವರೆಗೆ ರಕ್ತ ಇಳಿದಿತ್ತು. ಹೊಡೆದವರು ಹೋಗಿದ್ದರು. ರಸ್ತೆಯ ಆಚೆಗೆ ಬೈಕುಗಳು ನಿಂತಿದ್ದವು, ಅವುಗಳ ಮೇಲೆ ಕೂತವರು ನಮ್ಮನ್ನೇ ನೋಡುತ್ತಿದ್ದರು.

ಆಕೆ ಮಗನ ಹಣೆಗೆ ಸೆರಗು ಒತ್ತಿ ಹಿಡಿದಳು. ರಕ್ತ ನಿಂತ ಮೇಲೆ ಅದೇ ಸೆರಗಿನಿಂದ ಸೀಟಿನ ಮೇಲಿನ ಚೂರುಗಳನ್ನು ಗುಡಿಸಿ ಕೆಳಗೆ ಕೆಡವಿದಳು. ಹತ್ತಿ ಕೂತಳು.

"ಗಾಜಿಲ್ಲ ಬೇ" ಎಂದ ಮಗ.

"ಗಾಳಿ ಬರ್ತದ. ತಗಿ ಗಾಡಿ."